ಪಂಚಕೋಲ: ಗಂಜಿಗೆ ಸೇರುವ ಐದು ಕಟುದ್ರವ್ಯಗಳು

ಜಾತ್ರೆಯ ಊಟ ಮುಗಿದ ಮರುದಿನ ನಮ್ಮ ಚಿಕಿತ್ಸಾಲಯಕ್ಕೆ ಬರುವ ಅನೇಕರ ದೂರು ಒಂದೇ: ಹೊಟ್ಟೆ ಭಾರ, ಹಸಿವಿಲ್ಲ, ನಾಲಿಗೆಗೆ ರುಚಿಯಿಲ್ಲ. ಅಂಥವರಿಗೆ ನಾವು ಮೊದಲು ಸೂಚಿಸುವುದು ಗುಳಿಗೆಯನ್ನಲ್ಲ, ಪಂಚಕೋಲದ ಗಂಜಿಯನ್ನು. ಗರಂ ಮಸಾಲೆಯನ್ನರಿಯದ ಮನೆಯಿಲ್ಲ. ಪಂಚಕೋಲದ ಹೆಸರು ಕೇಳಿದವರು ವಿರಳ.

ಹಿಪ್ಪಲಿ, ಹಿಪ್ಪಲಿಮೂಲ, ಚವ್ಯ, ಚಿತ್ರಮೂಲ, ಒಣಶುಂಠಿ ಇವೇ ಆ ಐದು. ಕೋಲವೆಂದರೆ ಬೋರೆಹಣ್ಣು; ಅದು ತೂಕದ ಹೆಸರೂ ಹೌದು, ಈಗಿನ ಲೆಕ್ಕದಲ್ಲಿ ಸುಮಾರು 6 ಗ್ರಾಂ. ಒಂದೊಂದನ್ನೂ ಒಂದು ಕೋಲದಷ್ಟು ಕೂಡಿಸುವುದರಿಂದ ಪಂಚಕೋಲವಾಯಿತು. ಚರಕಸಂಹಿತೆಯ ಸೂತ್ರಸ್ಥಾನದ 2ನೆಯ ಅಧ್ಯಾಯವು 28 ಬಗೆಯ ಗಂಜಿಗಳನ್ನು ಹೇಳುತ್ತದೆ. ಅವುಗಳಲ್ಲಿ ಮೊದಲನೆಯದೇ ಈ ಐದರಿಂದ ಸಿದ್ಧವಾದದ್ದು. ಜಠರಾಗ್ನಿಯನ್ನು ಉದ್ದೀಪಿಸಿ ಶೂಲೆಯನ್ನು ಕಳೆಯುವಂಥದು. ಔಷಧದ ಡಬ್ಬಿಗೆ ಸೇರುವ ಮುನ್ನ ಇದು ಒಲೆಯ ಮೇಲಿತ್ತು ಎಂಬುದು ನಮ್ಮ ಎಣಿಕೆ. ಚವ್ಯವು ಮೆಣಸಿನ ಬಳ್ಳಿಯ ಸಂಬಂಧಿ. ಬಾಂಗ್ಲಾದೇಶದ ಖುಲನಾ ಪ್ರಾಂತದಲ್ಲಿ ಅದರ ಕಾಂಡವನ್ನು ‘ಚುಯಿ ಝಾಲ್’ ಎಂದು ಇಂದಿಗೂ ಅಡಿಗೆಗೆ ಬಳಸುತ್ತಾರೆ.

ಮಾಡುವ ಕ್ರಮ ಸುಲಭ. ಒಂದು ಮುಷ್ಟಿ ಹಳೆಯ ಅಕ್ಕಿಯ ನುಚ್ಚಿಗೆ ಅದರ 14 ಪಾಲು ನೀರು ಹಾಕಿ, ಕಾಲು ಚಮಚ ಪುಡಿಯನ್ನು ಬಟ್ಟೆಯಲ್ಲಿ ಗಂಟುಕಟ್ಟಿ ಬಿಡಬೇಕು. ನುಚ್ಚು ಬೆಂದ ಮೇಲೆ ಗಂಟನ್ನು ತೆಗೆದು ಸೈಂಧವ ಲವಣ, ತುಸು ತುಪ್ಪ ಬೆರೆಸಿ ಬಿಸಿಯಾಗಿ ಕುಡಿಯಬೇಕು. ಹೆಸರುಬೇಳೆಯ ಕಟ್ಟಿಗೂ, ಬೆಣ್ಣೆ ತೆಗೆದ ಮಜ್ಜಿಗೆಗೂ ಇದು ಒಪ್ಪುತ್ತದೆ.

ಆದರೆ ಚಿತ್ರಮೂಲದ ವಿಷಯದಲ್ಲಿ ನಾವೇ ಒಮ್ಮೆ ತಪ್ಪಿದ್ದೇವೆ. ಗೃಹಿಣಿಯೊಬ್ಬರಿಗೆ ಪಂಚಕೋಲವೆಂದು ಬಾಯಿಮಾತಿನಲ್ಲಿ ಹೇಳಿ ಕಳುಹಿಸಿದೆವು. ಅವರು ಗ್ರಂಧಿಗೆ ಅಂಗಡಿಯಿಂದ ಬೇರನ್ನು ತಂದು, ಶೋಧಿಸದೆ ಕುಟ್ಟಿ ಸಾರಿಗೆ ಹಾಕಿದರು. ಬಾಯಿ, ಗಂಟಲು ಉರಿದು ಓಡಿಬಂದಾಗ ಅವರು ಗರ್ಭಿಣಿಯೆಂದು ತಿಳಿಯಿತು. ಚಿತ್ರಮೂಲವು ಗರ್ಭಪಾತಕ, ಹಸಿಬೇರು ತಗುಲಿದರೆ ಚರ್ಮದ ಮೇಲೂ ಬೊಕ್ಕೆಯೇಳುತ್ತದೆ. ಸುಣ್ಣದ ತಿಳಿನೀರಿನಲ್ಲಿ ನೆನೆಸಿ ಶೋಧಿಸಿದ ನಂತರವೇ ವೈದ್ಯರು ಅದನ್ನು ಬಳಸುತ್ತಾರೆ. ಅಂದು ಅವರು ನುಂಗಿದ್ದು ಒಂದೇ ತುತ್ತು, ಅನಾಹುತವಾಗಲಿಲ್ಲ. ಅಂದಿನಿಂದ ಮನೆಯ ಅಡಿಗೆಗೆ ಚಿತ್ರಮೂಲವನ್ನು ಬಿಟ್ಟು ಉಳಿದ ನಾಲ್ಕನ್ನೇ ಹೇಳುತ್ತಿದ್ದೇವೆ. ಗುಣ ಕೊಂಚ ಕಡಿಮೆಯಾದೀತು, ಆಗಲಿ.

ಗರ್ಭಿಣಿಯರು, ಹುಳಿತೇಗು, ಎದೆಯುರಿ, ರಕ್ತಮೂಲವ್ಯಾಧಿಯುಳ್ಳವರು ಆ ನಾಲ್ಕನ್ನೂ ವೈದ್ಯರನ್ನು ಕೇಳದೆ ಸೇವಿಸಬಾರದು. ಹಿಪ್ಪಲಿಯನ್ನು ಅತಿಯಾಗಿ ಬಳಸಬಾರದೆಂದು ಚರಕರೇ ಎಚ್ಚರಿಸಿದ್ದಾರೆ. ಆದ್ದರಿಂದ ಇದು ನಿತ್ಯದ ಮಸಾಲೆಯಲ್ಲ. ಹಸಿವು ಮರಳಿದ ದಿನವೇ ನಿಲ್ಲಿಸಿರಿ. ಮೂರು ದಿನವಾದರೂ ಮರಳದಿದ್ದರೆ ವೈದ್ಯರಿಗೆ ತೋರಿಸಿರಿ.