‘ನಮ್ಮ ಮನೆಗೆ ಕರೆದುಕೊಂಡು ಹೋಗಿ’ ಎನ್ನುವ ಹಿರಿಯರು

ಮೂವತ್ತು ವರ್ಷಗಳಿಂದ ವಾಸವಿರುವ ಸ್ವಂತ ಮನೆಯಲ್ಲೇ ಕುಳಿತು ಅಜ್ಜಿ ‘ಸಾಕು, ಇನ್ನು ನಮ್ಮ ಮನೆಗೆ ಹೋಗೋಣ’ ಎಂದು ಹಟ ಹಿಡಿದರೆ ಮನೆಯವರಿಗೆ ಗಾಬರಿಯಾಗುವುದು ಸಹಜ. ಡಿಮೆನ್ಷಿಯಾ, ಅಂದರೆ ಮರೆವಿನ ಕಾಯಿಲೆ ಇರುವ ಹಿರಿಯರಲ್ಲಿ ಈ ಬೇಡಿಕೆ ಸಾಮಾನ್ಯ. ಅವರು ಕೇಳುವುದು ಅನೇಕ ವೇಳೆ ಬಾಲ್ಯದ ಮನೆಯನ್ನು.

ಹಳೆಯದು ಉಳಿಯುವುದೇಕೆ?

ಹೊಸ ಸಂಗತಿಗಳು ನೆನಪಾಗಿ ಉಳಿಯಲು ಮಿದುಳಿನ ಹಿಪೊಕ್ಯಾಂಪಸ್ ಎಂಬ ಭಾಗ ಅಗತ್ಯ. ಜರ್ಮನಿಯ ವೈದ್ಯ ಅಲೋಯಿಸ್ ಆಲ್ಝೈಮರ್ 1906ರಲ್ಲಿ ವಿವರಿಸಿದ ಕಾಯಿಲೆಯಲ್ಲಿ ಈ ಭಾಗಕ್ಕೆ ಬೇಗನೆ ಹಾನಿಯಾಗುತ್ತದೆ. ಆದ್ದರಿಂದ ಬೆಳಿಗ್ಗೆ ತಿಂದ ತಿಂಡಿ ಮರೆತುಹೋಗುತ್ತದೆ. ವರ್ಷಗಟ್ಟಲೆ ಮೆಲುಕು ಹಾಕಿದ ಬಾಲ್ಯದ ನೆನಪುಗಳು ಮಿದುಳಿನ ಹೊರಪದರದಲ್ಲಿ ಬೇರೂರಿರುವುದರಿಂದ ಹೆಚ್ಚು ಕಾಲ ಬಾಳುತ್ತವೆ. ಹೊಸದು ಮೊದಲು, ಹಳೆಯದು ಕೊನೆಗೆ ಅಳಿಯುವ ಈ ಕ್ರಮವನ್ನು ಫ್ರಾನ್ಸಿನ ಥಿಯೊಡ್ಯೂಲ್ ರಿಬೋ 1881ರಲ್ಲೇ ಗುರುತಿಸಿದ್ದರು.

ಊರಿಗೆ ಕರೆದೊಯ್ಯಬೇಕೆ?

ಕಾಯಿಲೆಯ ಆರಂಭದಲ್ಲಿ, ಆಪ್ತರ ಜೊತೆ ಒಂದು ಸಣ್ಣ ಭೇಟಿ ಸಂತೋಷ ಕೊಡಬಹುದು. ಕಾಯಿಲೆ ಮುಂದುವರಿದಿದ್ದರೆ ಪ್ರಯಾಣವೇ ಗೊಂದಲ ಹೆಚ್ಚಿಸಬಹುದು. ಹೆಂಚಿನ ಮನೆ ತಾರಸಿಯಾಗಿರುತ್ತದೆ, ಅಕ್ಕಪಕ್ಕದವರು ಇರುವುದಿಲ್ಲ. ಅಲ್ಲಿ ನಿಂತೂ ‘ಮನೆಗೆ ಹೋಗೋಣ’ ಎನ್ನುವವರಿದ್ದಾರೆ. ಲಿಂಗನಮಕ್ಕಿ, ಆಲಮಟ್ಟಿ ಹಿನ್ನೀರಿನಲ್ಲಿ ಊರು ಮುಳುಗಿದವರಿಗಂತೂ ಹೋಗಲು ಮನೆಯೇ ಇಲ್ಲ.

ಅವರು ಹುಡುಕುತ್ತಿರುವುದು ಗೋಡೆ, ಮಾಡುಗಳನ್ನಷ್ಟೇ ಅಲ್ಲ. ಅಲ್ಲಿ ಸಿಗುತ್ತಿದ್ದ ಅಭಯವನ್ನು. ಕೆಲವೊಮ್ಮೆ ಹಸಿವು, ನೋವು, ಮೂತ್ರದ ಒತ್ತಡ ಅಥವಾ ದಣಿವು ಕೂಡ ಈ ಮಾತಿನ ರೂಪದಲ್ಲಿ ಹೊರಬರುತ್ತದೆ. ಸಂಜೆ ಹೊತ್ತು ಚಡಪಡಿಕೆ ಹೆಚ್ಚು.

ಮನೆಯವರು ಏನು ಮಾಡಬಹುದು?

* ‘ಇದೇ ನಿಮ್ಮ ಮನೆ’ ಎಂದು ವಾದಿಸಬೇಡಿ. ‘ನಿಮ್ಮಮ್ಮ ತೀರಿಕೊಂಡು ಎಷ್ಟೋ ವರ್ಷವಾಯಿತು’ ಎಂದು ಪದೇ ಪದೇ ಹೇಳಬೇಡಿ. ಪ್ರತಿ ಸಲವೂ ಅವರಿಗೆ ಅದು ಹೊಸ ಸಾವು.

* ‘ಆ ಮನೆಯ ಹಿತ್ತಲಲ್ಲಿ ಏನೇನಿತ್ತು?’ ಎಂದು ಕೇಳಿ. ಹಳೆಯ ಫೋಟೊ, ಪರಿಚಿತ ಹಾಡು, ಬಾಲ್ಯದ ತಿನಿಸು ಸಮಾಧಾನ ತರಬಲ್ಲವು.

* ಮುಸ್ಸಂಜೆಗೆ ಮುನ್ನವೇ ದೀಪ ಹಾಕಿ.

* ಹೆಸರು, ವಿಳಾಸ, ದೂರವಾಣಿ ಸಂಖ್ಯೆ ಬರೆದ ಚೀಟಿ ಸದಾ ಅವರ ಬಳಿ ಇರಲಿ.

ವೈದ್ಯರನ್ನು ಯಾವಾಗ ಕಾಣಬೇಕು?

‘ವಯಸ್ಸಾಯಿತಲ್ಲ’ ಎಂದು ಸುಮ್ಮನಿರಬೇಡಿ. ಥೈರಾಯ್ಡ್ ತೊಂದರೆ, ಬಿ12 ಜೀವಸತ್ವದ ಕೊರತೆ, ಖಿನ್ನತೆಯಿಂದಲೂ ಮರೆವು ಬರಬಹುದು. ಇವುಗಳಿಗೆ ಚಿಕಿತ್ಸೆ ಇದೆ. ಒಂದೆರಡು ದಿನಗಳಲ್ಲಿ ಇದ್ದಕ್ಕಿದ್ದಂತೆ ಗೊಂದಲ ಕಾಣಿಸಿಕೊಂಡರೆ ಸೋಂಕು ಅಥವಾ ಸೋಡಿಯಂ ಇಳಿಕೆ ಕಾರಣವಿರಬಹುದು. ಕೂಡಲೇ ವೈದ್ಯರಿಗೆ ತೋರಿಸಿ. ಆಲ್ಝೈಮರ್ ಕಾಯಿಲೆಯನ್ನು ಪೂರ್ತಿ ಗುಣಪಡಿಸುವ ಔಷಧಿ ಇನ್ನೂ ಇಲ್ಲ. ಆದರೆ ಕೈ ಹಿಡಿದು ಕುಳಿತು ಆ ಹಳೆಯ ಮನೆಯ ಕಥೆ ಕೇಳುವುದು ಯಾರಿಗಾದರೂ ಸಾಧ್ಯ.