ಹುಬ್ಬಳ್ಳಿಯಿಂದ ಒಂದು ದಿನ: ಗದಗ ಸೀಮೆಗೆ ಸಣ್ಣ ಗುಂಪಿನ ಪ್ರವಾಸ

ಬೆಳಿಗ್ಗೆ ಹತ್ತು-ಹನ್ನೆರಡು ಮಂದಿ ಒಬ್ಬ ಮಾರ್ಗದರ್ಶಿಯೊಡನೆ ಹೊರಟು, ನೋಡಬೇಕಾದ್ದನ್ನು ನೋಡಿ, ರಾತ್ರಿ ಊಟದ ಹೊತ್ತಿಗೆ ಮನೆ ಸೇರುವ ಪ್ರವಾಸಕ್ಕೆ ಗದಗ ಜಿಲ್ಲೆಯಷ್ಟು ಒಗ್ಗುವ ಸೀಮೆಗಳು ಉತ್ತರ ಕರ್ನಾಟಕದಲ್ಲಿ ಕಡಿಮೆ. ಹುಬ್ಬಳ್ಳಿಯಿಂದ ಗದಗಕ್ಕೆ 60 ಕಿ.ಮೀ. ಒಳಗಿನ ದಾರಿ. ಲಕ್ಷ್ಮೇಶ್ವರವೂ ಹೆಚ್ಚುಕಡಿಮೆ ಅಷ್ಟೇ ದೂರ. ಗದಗದಿಂದ ಲಕ್ಕುಂಡಿ 11-12 ಕಿ.ಮೀ., ಡಂಬಳ 20 ಕಿ.ಮೀ. ಆಸುಪಾಸು, ಮುಂಡರಗಿ 40 ಕಿ.ಮೀ. ಹತ್ತಿರ. ಬೆಂಗಳೂರಿನವರಿಗೆ ಇದು ಒಂದು ದಿನದ ಮಾತಲ್ಲ. ಅವರು ರಾತ್ರಿ ರೈಲಿನಲ್ಲಿ ಬಂದು ಬೆಳಿಗ್ಗೆ ಹುಬ್ಬಳ್ಳಿಯಲ್ಲೋ ಗದಗದಲ್ಲೋ ಇಳಿದರೆ ಮಾತ್ರ ಈ ಲೆಕ್ಕ ಕೂಡಿಬರುತ್ತದೆ.

ಮಾರ್ಗದರ್ಶಿಯೊಂದಿಗಿನ ದಿನದ ಪ್ರವಾಸ ರೈಲಿನ ಕಾಲದಲ್ಲಿ ಬೆಳೆದ ರೂಢಿ. 1841ರ ಜುಲೈನಲ್ಲಿ ಥಾಮಸ್ ಕುಕ್ ಇಂಗ್ಲೆಂಡಿನ ಲೆಸ್ಟರ್‌ನಿಂದ ಲಫ್‌ಬರೋಗೆ ಸುಮಾರು 500 ಮಂದಿಯನ್ನು ತಲೆಗೆ ಒಂದು ಶಿಲಿಂಗ್ ದರದಲ್ಲಿ ರೈಲಿನಲ್ಲಿ ಕರೆದೊಯ್ದು, ಅದೇ ದಿನ ಮರಳಿ ತಂದ. ಗದಗಕ್ಕೆ ರೈಲು ಬಂದದ್ದು 1880ರ ದಶಕದಲ್ಲಿ, ಸದರ್ನ್ ಮರಾಠಾ ರೈಲ್ವೆ ಹಳಿ ಹಾಕಿದಾಗ. ಅಂದಿನಿಂದ ಗದಗ-ಬೆಟಗೇರಿ ವ್ಯಾಪಾರದ ಜಂಕ್ಷನ್ ಆಗಿ ಬೆಳೆಯಿತು. ಪ್ರವಾಸಿ ಊರು ಎಂಬ ಹೆಸರು ಮಾತ್ರ ಅದಕ್ಕೆ ತಡವಾಗಿಯೂ ಅರೆಬರೆಯಾಗಿಯೂ ಬಂತು. ಬಾದಾಮಿ-ಪಟ್ಟದಕಲ್ಲಿಗೆ ಹೋಗುವವರೂ ಹಂಪಿಗೆ ಹೋಗುವವರೂ ಈ ಊರನ್ನು ಹಾದುಹೋಗುತ್ತಾರೆ, ಇಳಿಯುವವರು ಕೆಲವರೇ.

ಸಣ್ಣ ಗುಂಪು ಬೇಕು ಎನ್ನುವುದಕ್ಕೆ ಇಲ್ಲಿ ನಿಜವಾದ ಕಾರಣಗಳಿವೆ. ಲಕ್ಕುಂಡಿಯ ಗುಡಿಗಳೂ ಬಾವಿಗಳೂ ಒಂದೇ ಆವರಣದಲ್ಲಿಲ್ಲ. ಮನೆ, ಕೊಟ್ಟಿಗೆ, ಹಿತ್ತಿಲುಗಳ ನಡುವೆ ಊರಿಡೀ ಚದುರಿವೆ. ದೊಡ್ಡ ಬಸ್ಸು ಹೆದ್ದಾರಿಯಲ್ಲೇ ನಿಲ್ಲಬೇಕು, ಮುಂದಿನದು ಕಾಲ್ನಡಿಗೆ. ಕಲ್ಯಾಣ ಚಾಲುಕ್ಯರ ಗುಡಿಗಳ ಅಂತರಾಳದಲ್ಲಿ ಐದಾರು ಮಂದಿ ನಿಂತರೆ ಬಾಗಿಲುವಾಡದ ಕೆತ್ತನೆ ಹಿಂದಿನವರಿಗೆ ಕಾಣದು. ಐವತ್ತು ಜನರಿಗೆ ಕೇಳಿಸಲು ಮಾರ್ಗದರ್ಶಿ ಕೂಗಬೇಕಾಗುತ್ತದೆ, ಹನ್ನೆರಡು ಜನರ ಜೊತೆ ಮಾತಾಡಬಹುದು, ಪ್ರಶ್ನೆಗೂ ಉತ್ತರಕ್ಕೂ ಜಾಗ ಸಿಗುತ್ತದೆ. ಶಿರಹಟ್ಟಿ ಹತ್ತಿರದ ಮಾಗಡಿ ಕೆರೆಯಲ್ಲಂತೂ ದೊಡ್ಡ ಗುಂಪಿನ ಗದ್ದಲಕ್ಕೆ ಹಕ್ಕಿಗಳು ಬೆದರುತ್ತವೆ. ಹೀಗಾಗಿ ಒಂದು ಟೆಂಪೊ ಟ್ರಾವೆಲರ್‌ನಲ್ಲಿ ಹಿಡಿಸುವಷ್ಟು ಜನ ಇಲ್ಲಿಗೆ ಸರಿಯಾದ ಅಳತೆ.

ಮೊದಲೇ ಒಪ್ಪಿಕೊಳ್ಳಬೇಕಾದ ಮಾತೊಂದಿದೆ. ಗದಗ, ಲಕ್ಕುಂಡಿ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿ, ಕಪ್ಪತಗುಡ್ಡ ಎಲ್ಲವನ್ನೂ ಒಂದೇ ದಿನದಲ್ಲಿ ತೋರಿಸುತ್ತೇವೆ ಎನ್ನುವವರ ಜೊತೆ ಹೋದರೆ ದಿನದ ಬಹುಪಾಲು ವಾಹನದಲ್ಲೇ ಕಳೆಯುತ್ತದೆ. ಈ ಸೀಮೆಯನ್ನು ಮೂರು ದಾರಿಗಳಾಗಿ ಒಡೆದುಕೊಂಡು, ಒಂದು ದಿನಕ್ಕೆ ಒಂದನ್ನೇ ಹಿಡಿಯುವುದು ಜಾಣತನ.

ಮೊದಲ ದಾರಿ ಗದಗ, ಲಕ್ಕುಂಡಿ, ಡಂಬಳ. ಹುಬ್ಬಳ್ಳಿಯಿಂದ ಏಳರೊಳಗೆ ಹೊರಟರೆ ಹಾದಿಯ ಅಣ್ಣಿಗೇರಿಯಲ್ಲಿ ಅಮೃತೇಶ್ವರ ಗುಡಿಗೆ ಅರ್ಧ ಗಂಟೆ ಕೊಡಬಹುದು. ಗದಗದ ತ್ರಿಕೂಟೇಶ್ವರ ಮತ್ತು ವೀರನಾರಾಯಣ ಗುಡಿಗಳನ್ನು ಬೆಳಿಗ್ಗೆಯೇ ಮುಗಿಸಿಕೊಳ್ಳುವುದು ಒಳ್ಳೆಯದು. ಪೂಜೆ ನಡೆಯುವ ಗುಡಿಗಳು ಮಧ್ಯಾಹ್ನ ಬಾಗಿಲು ಹಾಕುವುದುಂಟು. ಅಲ್ಲದೆ ಬಿಸಿಲೇರಿದ ಮೇಲೆ ಆವರಣದ ಕಲ್ಲಿನ ಮೇಲೆ ಬರಿಗಾಲಲ್ಲಿ ನಡೆಯುವುದು ಕಷ್ಟ. ತ್ರಿಕೂಟೇಶ್ವರದಲ್ಲಿ ಒಂದೇ ಪೀಠದ ಮೇಲೆ ಬ್ರಹ್ಮ, ವಿಷ್ಣು, ಮಹೇಶ್ವರರ ಸಂಕೇತವಾಗಿ ಮೂರು ಲಿಂಗಗಳಿವೆ. ಅದೇ ಆವರಣದ ಸರಸ್ವತಿ ಗುಡಿಯ ಕಂಬಗಳನ್ನು ನೋಡದೆ ಹೊರಬರಬಾರದು, ಇಡೀ ಗದಗಿನಲ್ಲಿ ಅವುಗಳ ಕುಸುರಿಗೆ ಸಾಟಿಯಿಲ್ಲ. ವೀರನಾರಾಯಣ ಗುಡಿಯನ್ನು ಹೊಯ್ಸಳ ವಿಷ್ಣುವರ್ಧನ ಕಟ್ಟಿಸಿದನೆಂದು ಪ್ರತೀತಿ. ಕುಮಾರವ್ಯಾಸ ಒದ್ದೆಬಟ್ಟೆಯಲ್ಲಿ ಕೂತು ಭಾರತ ಬರೆದನೆಂದು ಜನ ಹೇಳುವ ಕಂಬ ಇಲ್ಲಿಯದೇ. ಆ ಕಾವ್ಯವನ್ನು ನಾಡು ಇಂದಿಗೂ ಗದುಗಿನ ಭಾರತ ಎಂದೇ ಕರೆಯುತ್ತದೆ.

ಲಕ್ಕುಂಡಿಗೆ ಕನಿಷ್ಠ ಮೂರು ಗಂಟೆ ಬೇಕು. ಶಾಸನಗಳ ಲೊಕ್ಕಿಗುಂಡಿ ನಾಣ್ಯ ಟಂಕಿಸುತ್ತಿದ್ದ ಊರು. ಹೊಯ್ಸಳ ಇಮ್ಮಡಿ ಬಲ್ಲಾಳ ಸೇವುಣರನ್ನು ಸೋಲಿಸಿದ ಮೇಲೆ, 1192ರ ಸುಮಾರಿಗೆ, ಇಲ್ಲಿ ಬೀಡುಬಿಟ್ಟಿದ್ದ. ಎಲ್ಲಕ್ಕಿಂತ ಹೆಚ್ಚಾಗಿ ಇದು ದಾನಚಿಂತಾಮಣಿ ಅತ್ತಿಮಬ್ಬೆಯ ಊರು. ಆಕೆ ಕಟ್ಟಿಸಿದ ಬ್ರಹ್ಮ ಜಿನಾಲಯದ ಶಾಸನ 1007ರದು. ಗಂಡ ನಾಗದೇವ ಸತ್ತ ಮೇಲೆ, ಅವನನ್ನೇ ಮದುವೆಯಾಗಿದ್ದ ತಂಗಿ ಗುಂಡಮಬ್ಬೆ ಸಹಗಮನ ಮಾಡಿದಳು. ಅತ್ತಿಮಬ್ಬೆ ಬದುಕಿ ಉಳಿದು ಮಗನನ್ನು ಬೆಳೆಸಿದಳು, ರನ್ನನಿಂದ ಅಜಿತಪುರಾಣ ಬರೆಸಿದಳು, ಪೊನ್ನನ ಶಾಂತಿಪುರಾಣದ ಸಾವಿರ ಪ್ರತಿ ಮಾಡಿಸಿ ಹಂಚಿದಳು. ಅಚ್ಚುಮೊಳೆ ಇಲ್ಲದ ಕಾಲದಲ್ಲಿ, ಓಲೆಯ ಮೇಲೆ ಕಂಟದಿಂದ ಒಂದೊಂದೇ ಅಕ್ಷರ ಕೊರೆದು ಸಾವಿರ ಪ್ರತಿ ಮಾಡಿಸಿದ ಕೆಲಸ ಅದು. ಈ ಮಾತನ್ನು ಆ ಜಿನಾಲಯದ ಮುಂದೆ ನಿಂತು ಹೇಳಬಲ್ಲವನೇ ಲಕ್ಕುಂಡಿಗೆ ತಕ್ಕ ಮಾರ್ಗದರ್ಶಿ. ಒಳಗಿನ ಚತುರ್ಮುಖ ಬ್ರಹ್ಮ ಮತ್ತು ಪದ್ಮಾವತಿಯ ಶಿಲ್ಪಗಳನ್ನು ಜನ ತಾವೇ ನೋಡಿಕೊಳ್ಳುತ್ತಾರೆ.

ಕಾಶಿವಿಶ್ವೇಶ್ವರ ಗುಡಿಯಲ್ಲಿ ಎರಡು ಗರ್ಭಗುಡಿಗಳು ಎದುರುಬದುರಾಗಿವೆ, ಒಂದು ಶಿವನಿಗೆ, ಇನ್ನೊಂದು ಸೂರ್ಯನಿಗೆ. ಬಾದಾಮಿ ಚಾಲುಕ್ಯರ ಒರಟು ಮರಳುಗಲ್ಲಿನಿಂದ ನುಣುಪಾದ ಬಳಪದ ಕಲ್ಲಿಗೆ ದಾಟಿದ ಶಿಲ್ಪಿಗಳು ಏನೆಲ್ಲ ಮಾಡಬಲ್ಲವರಾದರು ಎಂಬುದಕ್ಕೆ ಇಲ್ಲಿಯ ಬಾಗಿಲುವಾಡಗಳೇ ಸಾಕ್ಷಿ. ಎದುರಿಗೇ ಇರುವ ನನ್ನೇಶ್ವರ ಗುಡಿ ಸರಳ. ಎರಡನ್ನೂ ಒಟ್ಟಿಗೆ ನೋಡಿದಾಗಲೇ ಶೈಲಿ ಬೆಳೆದ ಬಗೆ ಕಣ್ಣಿಗೆ ಹಿಡಿಯುತ್ತದೆ. ಮಾಣಿಕೇಶ್ವರ ಗುಡಿಗೆ ಅಂಟಿಕೊಂಡ ಮುಸುಕಿನ ಬಾವಿಯ ಮೆಟ್ಟಿಲುಗಳ ಬದಿಯಲ್ಲಿ ಪುಟ್ಟ ಪುಟ್ಟ ಗುಡಿಗಳಂತಹ ಗೂಡುಗಳಿವೆ. ಊರವರು ಲಕ್ಕುಂಡಿಯಲ್ಲಿ 101 ಗುಡಿ, 101 ಬಾವಿ ಎನ್ನುತ್ತಾರೆ. ಅದು ಜನರ ನಂಬಿಕೆಯ ಲೆಕ್ಕ, ಬ್ರಹ್ಮ ಜಿನಾಲಯದ 1007 ಎಂಬ ಇಸವಿ ಶಾಸನದ ಲೆಕ್ಕ. ಯಾವುದು ಯಾವುದೆಂದು ಬಿಡಿಸಿ ಹೇಳುವವನು ನಂಬಬಹುದಾದ ಮಾರ್ಗದರ್ಶಿ. ಎಲ್ಲವನ್ನೂ ಒಂದೇ ದನಿಯಲ್ಲಿ ಒಪ್ಪಿಸುವವನಿಂದ ಪ್ರವಾಸಿಗೆ ಲಾಭವಿಲ್ಲ.

ಮಧ್ಯಾಹ್ನದ ಊಟಕ್ಕೆ ಗದಗಿನ ಖಾನಾವಳಿಯೇ ಸರಿ: ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ, ಮೊಸರು. ಮಾಂಸಾಹಾರಿಗಳಿಗೆ ಗದಗ-ಬೆಟಗೇರಿಯ ಸಾವಜಿ ಊಟವಿದೆ, ಖಾರ ತಡೆಯಬಲ್ಲವರಿಗೆ ಮಾತ್ರ. ಗಿರಮಿಟ್ಟು, ಮಿರ್ಚಿ ಬಜಿಯನ್ನು ಸಂಜೆಗೆ ಉಳಿಸಿಕೊಳ್ಳಬೇಕು.

ಊಟದ ನಂತರ ಡಂಬಳ. ದೊಡ್ಡಬಸಪ್ಪ ಗುಡಿಯ ಗರ್ಭಗೃಹದ ಹೊರಗೋಡೆ ನಕ್ಷತ್ರದಂತೆ 24 ಮೂಲೆಗಳಾಗಿ ಸುತ್ತುತ್ತದೆ. ಒಂದೇ ಕೇಂದ್ರದ ಸುತ್ತ ಆರು ಚೌಕಗಳನ್ನು ಹದಿನೈದು ಹದಿನೈದು ಡಿಗ್ರಿ ತಿರುಗಿಸಿ ಇಟ್ಟರೆ ಬರುವ ಆಕಾರ ಅದು. ಮಾರ್ಗದರ್ಶಿ ಒಂದು ಕಾಗದದ ಮೇಲೆ ಗೆರೆ ಎಳೆದು ತೋರಿಸಿ, ಬಳಿಕ ಗೋಡೆಯ ಸುತ್ತ ನಡೆಸಿದರೆ ಶಾಲೆಯ ಮಕ್ಕಳಿಗೂ ತಿಳಿಯುತ್ತದೆ. 12ನೇ ಶತಮಾನದ ಶಿಲ್ಪಿಗಳು ಈ ಗಣಿತವನ್ನು ಬುಡದಿಂದ ಶಿಖರದವರೆಗೆ ತಪ್ಪದೆ ಕಲ್ಲಿನಲ್ಲಿ ನಡೆಸಿದ್ದಾರೆ. ಕರ್ನಾಟಕದ ವಾಸ್ತುವಿನಲ್ಲಿ ಇದಕ್ಕೆ ಸಿಕ್ಕಿರುವ ಹೆಸರು ಇದರ ಯೋಗ್ಯತೆಗೆ ಏನೇನೂ ಸಾಲದು. ಇದೇ ಊರಿನ 1095ರ ಶಾಸನ ಬೌದ್ಧ ತಾರಾದೇವಿಗೆ ಕೊಟ್ಟ ದತ್ತಿಯನ್ನು ಹೇಳುತ್ತದೆ. ಬೌದ್ಧ ಧರ್ಮ ಕನ್ನಡ ನಾಡಿನಿಂದ ಮರೆಯಾಗುತ್ತಿದ್ದ ಕಾಲದ ಅಪರೂಪದ ದಾಖಲೆ ಅದು.

ಎರಡನೆಯ ದಾರಿ ಲಕ್ಷ್ಮೇಶ್ವರ, ಶಿರಹಟ್ಟಿ, ಮಾಗಡಿ. ಇದನ್ನು ನವೆಂಬರ್‌ನಿಂದ ಫೆಬ್ರವರಿವರೆಗೆ ಇಟ್ಟುಕೊಂಡರೆ ಹಕ್ಕಿಗಳೂ ಸಿಗುತ್ತವೆ. ಲಕ್ಷ್ಮೇಶ್ವರ ಹಿಂದಿನ ಪುಲಿಗೆರೆ. ತಿರುಳ್ಗನ್ನಡದ ಸೀಮೆಯೆಂದು ಕವಿರಾಜಮಾರ್ಗ ಗುರುತಿಸುವ ನಾಲ್ಕು ಊರುಗಳಲ್ಲಿ ಇದೂ ಒಂದು. ಇಲ್ಲಿಯ ಸೋಮೇಶ್ವರ ಗುಡಿಯ ಗರ್ಭಗುಡಿಯಲ್ಲಿ ನಂದಿಯ ಮೇಲೆ ಕೂತ ಶಿವಪಾರ್ವತಿಯರ ಮೂರ್ತಿಯಿದೆ. ಸೌರಾಷ್ಟ್ರದಿಂದ ಸೋಮನಾಥನನ್ನು ತಂದ ಆದಯ್ಯನ ಕಥೆಯನ್ನು ಹರಿಹರ ರಗಳೆಯಾಗಿ ಬರೆದಿದ್ದಾನೆ. ಇನ್ಫೋಸಿಸ್ ಪ್ರತಿಷ್ಠಾನದ ನೆರವಿನಿಂದ ಗುಡಿಯ ಜೀರ್ಣೋದ್ಧಾರವಾದ ಮೇಲೆ ಇಲ್ಲಿ ಪುಲಿಗೆರೆ ಉತ್ಸವ ನಡೆಯುತ್ತ ಬಂದಿದೆ. ಊರಿನಲ್ಲೇ ಶಂಖ ಬಸದಿಯಿದೆ, ಸಾಲುಸಾಲು ಪುಟ್ಟ ಜಿನಬಿಂಬಗಳನ್ನು ಕೆತ್ತಿದ ಸಹಸ್ರಕೂಟ ಅದರೊಳಗಿದೆ. ಆದಿಲಶಾಹಿ ಕಾಲದ ಜುಮ್ಮಾ ಮಸೀದಿಯೂ ಇಲ್ಲೇ ಇದೆ. ಶೈವ, ಜೈನ, ಇಸ್ಲಾಂ ಮೂರರ ಚರಿತ್ರೆಯನ್ನೂ ನಡೆದೇ ನೋಡಬಹುದಾದ ಊರಿದು. ಇಲ್ಲಿ ಜಗಳಗಳೂ ನಡೆದಿವೆ, ಕೊಡುಕೊಳುವೂ ನಡೆದಿದೆ. ಮಾರ್ಗದರ್ಶಿ ಒಂದು ಪಕ್ಷದ ವಕೀಲನಾಗದೆ ಎರಡನ್ನೂ ಹೇಳಬೇಕು.

ಶಿರಹಟ್ಟಿ ಬ್ರಿಟಿಷರ ಕಾಲದಲ್ಲಿ ಸಾಂಗ್ಲಿ ಸಂಸ್ಥಾನಕ್ಕೆ ಸೇರಿತ್ತು. ಇಲ್ಲಿಯ ಫಕೀರೇಶ್ವರ ಮಠಕ್ಕೆ ಹಿಂದೂಗಳೂ ಮುಸಲ್ಮಾನರೂ ನಡೆದುಕೊಳ್ಳುತ್ತಾರೆ. ಶಿರಹಟ್ಟಿಯಿಂದ ಎಂಟು ಕಿ.ಮೀ. ಹೋದರೆ ಮಾಗಡಿ ಕೆರೆ. ಮಳೆನೀರು ಹಿಡಿದಿಡಲು ಜನ ಕಟ್ಟಿಕೊಂಡ, ಸುಮಾರು 50 ಹೆಕ್ಟೇರಿನ ಈ ಕೆರೆ 2024ರ ಜನವರಿಯಲ್ಲಿ ರಾಮ್ಸರ್ ಪಟ್ಟಿ ಸೇರಿತು, ಅಂದರೆ ಜಗತ್ತಿನ ಮಹತ್ವದ ಜೌಗು ತಾಣಗಳಲ್ಲಿ ಒಂದಾಯಿತು. ತಲೆಯ ಮೇಲೆ ಎರಡು ಕಪ್ಪು ಪಟ್ಟೆಗಳಿರುವ ಹೆಬ್ಬಾತುಗಳು ಮಧ್ಯ ಏಷ್ಯಾದಿಂದ ಹಿಮಾಲಯ ದಾಟಿ ಇಲ್ಲಿಗೆ ಬರುತ್ತವೆ. ಸುತ್ತಲ ಹೊಲಗಳಲ್ಲಿ ಮೇಯ್ದು ಕೆರೆಯಲ್ಲಿ ವಿಶ್ರಮಿಸುತ್ತವೆ. ಬೆಳೆಯ ಪಾಲೊಂದನ್ನು ಹಕ್ಕಿಗೆ ಬಿಟ್ಟುಕೊಡುತ್ತಿರುವ ಇಲ್ಲಿಯ ರೈತರ ಬಗ್ಗೆ ಪ್ರವಾಸಿಗಳಿಗೆ ಗೌರವವಿರಬೇಕು. ದಂಡೆಯ ಮೇಲೆ ಕೂಗಾಟ ಬೇಡ, ಡ್ರೋನ್ ಬೇಡ. ಒಂದು ದುರ್ಬೀನು ಇದ್ದರೆ ಸಾಕು.

ಮೂರನೆಯದು ಮುಂಡರಗಿ ಮತ್ತು ಕಪ್ಪತಗುಡ್ಡದ ದಾರಿ. ಮಳೆ ಬಿದ್ದು ಗುಡ್ಡ ಹಸಿರಾಗಿರುವ ಸೆಪ್ಟೆಂಬರ್, ಅಕ್ಟೋಬರ್ ಇದಕ್ಕೆ ಒಳ್ಳೆಯ ಹೊತ್ತು. ಬಯಲುಸೀಮೆಯ ನಡುವೆ ಉದ್ದಕ್ಕೂ ಹಬ್ಬಿರುವ ಈ ಗುಡ್ಡಸಾಲು ಔಷಧಿ ಗಿಡಗಳಿಗೆ ಹೆಸರುವಾಸಿ. ತೋಳ, ಕತ್ತೆಕಿರುಬ ಇನ್ನೂ ಉಳಿದಿರುವ ಜಾಗ ಇದು. ಗಣಿಗಾರಿಕೆಯ ಭೀತಿ ಎದುರಾದಾಗ ಗದಗಿನ ತೋಂಟದ ಸಿದ್ಧಲಿಂಗ ಸ್ವಾಮೀಜಿಯವರ ಮುಂದಾಳತ್ವದಲ್ಲಿ ಜನ ಬೀದಿಗಿಳಿದರು. 2019ರಲ್ಲಿ ಸುಮಾರು 244 ಚದರ ಕಿ.ಮೀ. ಪ್ರದೇಶ ವನ್ಯಜೀವಿ ಧಾಮವಾಯಿತು. ಧಾಮದೊಳಗೆ ಹೋಗುವ ಮುನ್ನ ಅರಣ್ಯ ಇಲಾಖೆಯ ನಿಯಮಗಳನ್ನು ಕೇಳಿಕೊಳ್ಳಬೇಕು. ಮುಂಡರಗಿಯ ಹೆಸರು 1858ರ ಬಂಡಾಯಕ್ಕೂ ಸೇರಿದೆ. ಡಂಬಳದ ಖಜಾನೆಯನ್ನು ವಶಮಾಡಿಕೊಂಡು ಕೊಪ್ಪಳದ ಕೋಟೆಯಲ್ಲಿ ಬ್ರಿಟಿಷರ ವಿರುದ್ಧ ಕಾದಾಡಿ ಮಡಿದ ಭೀಮರಾವ್ ಈ ಊರಿನವನು. ದಾರಿಯ ಕೊನೆಗೆ ತುಂಗಭದ್ರೆಯ ದಂಡೆಯ ಸಿಂಗಟಾಲೂರಿನ ವೀರಭದ್ರೇಶ್ವರ ಗುಡಿಯಿದೆ.

ಏರ್ಪಾಟಿನ ವಿಷಯದಲ್ಲಿ ಕೆಲವನ್ನು ಮೊದಲೇ ಕೇಳಿ ಖಚಿತಪಡಿಸಿಕೊಳ್ಳಬೇಕು. ಬಾಡಿಗೆ ವಾಹನ ಹಳದಿ ಫಲಕದ್ದೇ ಆಗಿರಲಿ. ಖಾಸಗಿ ಬಿಳಿ ಫಲಕದ ಗಾಡಿಯನ್ನು ಬಾಡಿಗೆಗೆ ಓಡಿಸುವುದು ಕಾನೂನಿಗೆ ವಿರುದ್ಧ, ಅಪಘಾತವಾದರೆ ವಿಮೆಯೂ ಕೈಕೊಡಬಹುದು. ಹೇಳಿದ ದರದಲ್ಲಿ ಊಟ, ಮಾರ್ಗದರ್ಶಿಯ ಸಂಭಾವನೆ, ಪ್ರವೇಶ ಶುಲ್ಕ ಸೇರಿವೆಯೇ ಎಂಬುದು ಬರಹದಲ್ಲಿರಲಿ. ಪುರಾತತ್ವ ಸರ್ವೇಕ್ಷಣಾ ಇಲಾಖೆಯ ವಸ್ತುಸಂಗ್ರಹಾಲಯಗಳಿಗೆ ಸಾಮಾನ್ಯವಾಗಿ ಶುಕ್ರವಾರ ರಜೆ. ಲಕ್ಕುಂಡಿಯ ಶಿಲ್ಪಸಂಗ್ರಹ ನೋಡಬೇಕೆನ್ನುವವರು ಬೇರೆ ದಿನ ಆರಿಸಿಕೊಳ್ಳುವುದು ಒಳಿತು. ಸ್ಮಾರಕಗಳ ಬಳಿ ಸ್ವಚ್ಛ ಶೌಚಾಲಯ ಸಿಗುವುದು ಕಷ್ಟ. ಹೆಣ್ಣುಮಕ್ಕಳೂ ಹಿರಿಯರೂ ಗುಂಪಿನಲ್ಲಿದ್ದರೆ ಎಲ್ಲಿ, ಎಷ್ಟು ಹೊತ್ತಿಗೆ ನಿಲ್ಲುವುದೆಂದು ಸಂಘಟಕರು ಮೊದಲೇ ಗೊತ್ತುಮಾಡಿರಬೇಕು. ಇದನ್ನು ಯೋಚಿಸದ ಪ್ರವಾಸ ಅರ್ಧ ಜನರಿಗೆ ಶಿಕ್ಷೆಯಾಗುತ್ತದೆ. ಮಳೆಯಲ್ಲಿ ಎರೆಮಣ್ಣಿನ ದಾರಿಗೆ ಗಾಡಿ ಇಳಿಸುವುದು ಬೇಡ, ಚಕ್ರ ಹೂತರೆ ದಿನವೇ ಹೋಗುತ್ತದೆ. ಶಾಸನದ ಅಕ್ಷರ ಎದ್ದುಕಾಣಲೆಂದು ಸುಣ್ಣವನ್ನೋ ಎಣ್ಣೆಯನ್ನೋ ಸವರುವುದು ಕಲ್ಲಿಗೆ ಕೇಡು. ರಕ್ಷಿತ ಸ್ಮಾರಕಕ್ಕೆ ಹಾನಿ ಮಾಡುವುದು 1958ರ ಕಾಯ್ದೆಯಡಿ ಅಪರಾಧವೂ ಹೌದು.

ಮಾರ್ಗದರ್ಶಿ ಆಯಾ ಊರಿನವನೇ ಆಗಿದ್ದರೆ ಮೇಲು. ಹುಬ್ಬಳ್ಳಿಯಿಂದ ಒಬ್ಬರು ಜೊತೆಗೆ ಬಂದರೂ ಲಕ್ಕುಂಡಿಯ ಓಣಿಗಳಲ್ಲಿ ಅಲ್ಲಿಯವರೊಬ್ಬರನ್ನು ಸೇರಿಸಿಕೊಂಡು ಅವರ ಸಂಭಾವನೆ ಕೊಡಬೇಕು. ಬೆಟಗೇರಿಯ ನೇಕಾರರಿಂದ ಒಂದು ಸೀರೆ ಕೊಂಡರೆ ಪ್ರವಾಸದ ಹಣ ಆ ನೆಲದಲ್ಲೇ ಉಳಿಯುತ್ತದೆ. ಹೊತ್ತು ಮಿಕ್ಕರೆ ಗದಗದ ಹತ್ತಿರದ ಕಣಗಿನಹಾಳಕ್ಕೆ ಹೋಗಿಬರಬಹುದು. 1905ರಲ್ಲಿ ಸಿದ್ದನಗೌಡ ಪಾಟೀಲರು ಅಲ್ಲಿ ಕಟ್ಟಿದ ಕೃಷಿ ಪತ್ತಿನ ಸಹಕಾರ ಸಂಘ ಏಷ್ಯಾದಲ್ಲೇ ಮೊದಲನೆಯದೆಂದು ಹೆಸರಾಗಿದೆ.

ಮೊದಲ ಸಲ ಹೊರಡುವವರು ಗದಗ, ಲಕ್ಕುಂಡಿ, ಡಂಬಳದ ದಾರಿಯನ್ನೇ ಹಿಡಿಯಲಿ. ಒಂದೇ ಜಾಗಕ್ಕೆ ಸಮಯವಿದೆ ಎಂದಾದರೆ ಉಳಿದೆಲ್ಲವನ್ನೂ ಬಿಟ್ಟು ಲಕ್ಕುಂಡಿಗೆ ಹೋಗಲಿ, ಇಡೀ ದಿನ ಅಲ್ಲೇ ಇರಲಿ.