ಮಂಡಿ ಸವೆದರೂ ಆಟ ಮುಗಿಯಲಿಲ್ಲ

ಚಾಪೆಯ ಮೇಲೆ ಕುಳಿತು ಏಳುವಾಗ ನಿಮ್ಮ ಮಂಡಿ ‘ಕಟಕ್’ ಎನ್ನುತ್ತದೆಯೇ? ಮೆಟ್ಟಿಲು ಇಳಿಯುವಾಗ ಕೈ ತಾನಾಗಿ ಕಂಬಿಯನ್ನು ಹುಡುಕುತ್ತದೆಯೇ? ‘ವಯಸ್ಸಾಯಿತು, ಇನ್ನು ಇಷ್ಟೇ’ ಎಂದು ನೀವು ಆಗಲೇ ತೀರ್ಮಾನಿಸಿರಬಹುದು. ಅದಕ್ಕೆ ಮೊದಲು ಒಬ್ಬ ಬಾಸ್ಕೆಟ್‌ಬಾಲ್ ಆಟಗಾರರ ಕಥೆ ಕೇಳಿ. ಅವರ ಮಂಡಿ ಕೈಕೊಟ್ಟಾಗ ಅವರಿಗೆ ಕೇವಲ 22 ವರ್ಷ. ಆದರೂ 37ನೇ ವಯಸ್ಸಿನವರೆಗೆ ಅವರು ಅಂಗಳದಲ್ಲಿದ್ದರು. ಆ ಕೊನೆಯ ವರ್ಷಗಳನ್ನು ಕಳೆದದ್ದು ಹುಟ್ಟಿದ ದೇಶದಲ್ಲಲ್ಲ, ಆಮೇಲೆ ತಮ್ಮದಾಗಿಸಿಕೊಂಡ ಇನ್ನೊಂದು ದೇಶದಲ್ಲಿ.

ಅವರ ಹೆಸರು ಅಮಾರೆ ಸ್ಟಾಡಮೈರ್. 1982ರಲ್ಲಿ ಅಮೆರಿಕದ ಫ್ಲಾರಿಡಾದಲ್ಲಿ ಜನನ. 12ನೇ ವಯಸ್ಸಿನಲ್ಲಿಯೇ ತಂದೆಯನ್ನು ಕಳೆದುಕೊಂಡವರು. 6 ಅಡಿ 10 ಅಂಗುಲ ಎತ್ತರ, ನೂರು ಕಿಲೋ ಮೀರಿದ ತೂಕ. ಕಾಲೇಜಿಗೆ ಹೋಗದೆ ಪ್ರೌಢಶಾಲೆಯಿಂದ ನೇರವಾಗಿ 2002ರಲ್ಲಿ ಅಮೆರಿಕದ ವೃತ್ತಿಪರ ಲೀಗ್ ಆದ ಎನ್‌ಬಿಎಗೆ, ಫೀನಿಕ್ಸ್ ಸನ್ಸ್ ತಂಡಕ್ಕೆ ಆಯ್ಕೆಯಾದರು. ಮರುವರ್ಷವೇ ಅತ್ಯುತ್ತಮ ಹೊಸ ಆಟಗಾರ ಪ್ರಶಸ್ತಿ ಪಡೆದರು. 2004-05ರಲ್ಲಿ ಪಂದ್ಯಕ್ಕೆ ಸರಾಸರಿ 26 ಅಂಕ ಗಳಿಸಿದರು. ಎಲ್ಲವೂ ಚೆನ್ನಾಗಿ ನಡೆಯುತ್ತಿದ್ದಾಗ ಎಡಮಂಡಿಯಲ್ಲಿ ನೋವು ಕಾಣಿಸಿಕೊಂಡಿತು.

ಮಂಡಿಯೊಳಗೆ ಏನಾಗಿತ್ತು?

ತೊಡೆಯ ಮೂಳೆ ಮತ್ತು ಕಣಕಾಲಿನ ಮೂಳೆ ಸೇರುವ ಜಾಗವೇ ಮಂಡಿ. ಈ ಎರಡು ಮೂಳೆಗಳು ನೇರವಾಗಿ ಉಜ್ಜದಂತೆ ಅವುಗಳ ತುದಿಗೆ ನುಣುಪಾದ ಹೊದಿಕೆಯೊಂದಿದೆ. ಅದೇ ಮೃದ್ವಸ್ಥಿ. ಈ ಹೊದಿಕೆಗೆ ರಕ್ತನಾಳವಿಲ್ಲ, ನರವೂ ಇಲ್ಲ. ಸ್ಪಂಜನ್ನು ಹಿಂಡಿ ಬಿಟ್ಟಾಗ ನೀರು ಒಳಹೊಕ್ಕಂತೆ, ನಾವು ನಡೆದಾಡುವಾಗ ಕೀಲಿನೊಳಗಿನ ದ್ರವ ಇದರೊಳಗೆ ಸೇರಿ ಆಹಾರ ಒದಗಿಸುತ್ತದೆ.

ನರವಿಲ್ಲದ ಕಾರಣ ಮೃದ್ವಸ್ಥಿ ಸವೆಯಲು ಶುರುವಾದಾಗ ನಮಗೆ ಗೊತ್ತಾಗುವುದಿಲ್ಲ. ನೋವು ತಿಳಿಯುವ ಹೊತ್ತಿಗೆ ಎಷ್ಟೋ ಹಾನಿ ಆಗಿಹೋಗಿರುತ್ತದೆ. ರಕ್ತನಾಳವಿಲ್ಲದ ಕಾರಣ ಅದು ತಾನಾಗಿ ಸರಿಯಾಗುವುದೂ ಇಲ್ಲ. ಮುರಿದ ಮೂಳೆ ಕೂಡುತ್ತದೆ, ಕೊಯ್ದ ಚರ್ಮ ಮಾಯುತ್ತದೆ. ಕಳೆದುಹೋದ ಮೃದ್ವಸ್ಥಿ ಮಾತ್ರ ಮೊದಲಿನಂತೆ ಬೆಳೆಯುವುದಿಲ್ಲ.

2005ರ ಅಕ್ಟೋಬರಿನಲ್ಲಿ ಸ್ಟಾಡಮೈರ್ ಅವರಿಗೆ ‘ಮೈಕ್ರೋಫ್ರ್ಯಾಕ್ಚರ್’ ಎಂಬ ಶಸ್ತ್ರಚಿಕಿತ್ಸೆ ನಡೆಯಿತು. 1980ರ ದಶಕದಲ್ಲಿ ಅಮೆರಿಕದ ವೈದ್ಯ ರಿಚರ್ಡ್ ಸ್ಟೆಡ್‌ಮನ್ ರೂಪಿಸಿದ ವಿಧಾನ ಇದು. ಮೃದ್ವಸ್ಥಿ ಹೋಗಿ ಬರಿದಾದ ಜಾಗದಲ್ಲಿ, ಮೂಳೆಗೆ ಮೂರು ನಾಲ್ಕು ಮಿಲಿಮೀಟರ್ ಅಂತರದಲ್ಲಿ ಸಣ್ಣ ಸಣ್ಣ ರಂಧ್ರ ಮಾಡುತ್ತಾರೆ. ಮೂಳೆಯೊಳಗಿನ ಮಜ್ಜೆಯಿಂದ ರಕ್ತ ಒಸರಿ ಅಲ್ಲಿ ಹೆಪ್ಪುಗಟ್ಟುತ್ತದೆ. ಆ ಹೆಪ್ಪು ಕ್ರಮೇಣ ನಾರಿನಂಥ ಹೊಸ ಹೊದಿಕೆಯಾಗಿ ಬದಲಾಗುತ್ತದೆ. ಇದು ಹುಟ್ಟಿನಿಂದ ಬಂದ ಮೃದ್ವಸ್ಥಿಯಷ್ಟು ಗಟ್ಟಿಯಲ್ಲ. ಹರಿದ ಬಟ್ಟೆಗೆ ಹಾಕಿದ ತೇಪೆಯ ಹಾಗೆ, ಜೋಪಾನ ಮಾಡಿದರೆ ಬಾಳುತ್ತದೆ.

ಈ ಚಿಕಿತ್ಸೆಯ ನಂತರ ಸಾಮಾನ್ಯವಾಗಿ ಆರರಿಂದ ಎಂಟು ವಾರ ಊರುಗೋಲು ಬೇಕು. ಆಮೇಲೆ ತಿಂಗಳುಗಟ್ಟಲೆ ವ್ಯಾಯಾಮ. ಸ್ಟಾಡಮೈರ್ 2006ರ ಮಾರ್ಚಿನಲ್ಲಿ ಅಂಗಳಕ್ಕೆ ಮರಳಿದರು. ಮೂರೇ ಪಂದ್ಯಗಳಲ್ಲಿ ಮಂಡಿ ‘ಇನ್ನೂ ಆಗದು’ ಎಂದಿತು. ಅವರು ಆಟ ನಿಲ್ಲಿಸಿದರು. ಬಲಮಂಡಿಗೂ ಚಿಕಿತ್ಸೆಯಾಯಿತು. ಮುಂದಿನ ಋತುವಿನವರೆಗೂ ಕಾದರು. ಆ 2006-07ರ ಋತುವಿನಲ್ಲಿ 82 ಪಂದ್ಯಗಳಲ್ಲಿ 82ನ್ನೂ ಆಡಿದರು. ಅವಸರ ಮಾಡಿದಾಗ ಮೂರು ಪಂದ್ಯ, ಕಾದಾಗ ಇಡೀ ಋತು. ಶಸ್ತ್ರಚಿಕಿತ್ಸೆ ಮಾಡಿಸಿಕೊಂಡು ‘ಇನ್ನೂ ಎಷ್ಟು ದಿನ ಡಾಕ್ಟ್ರೇ?’ ಎಂದು ಪ್ರತಿ ಭೇಟಿಯಲ್ಲೂ ಕೇಳುವವರು ಇದನ್ನು ನೆನಪಿಡಬೇಕು.

ಕನ್ನಡಕ ತೆಗೆದಿಟ್ಟ ತಪ್ಪು

ಮಂಡಿಯ ವಿಷಯದಲ್ಲಿ ಅಷ್ಟು ತಾಳ್ಮೆ ತೋರಿದ ಇವರು ಕಣ್ಣಿನ ವಿಷಯದಲ್ಲಿ ಎಡವಿದರು. 2008ರಲ್ಲಿ ಅಭ್ಯಾಸದ ವೇಳೆ ಬೆರಳು ತಗುಲಿ ಬಲಗಣ್ಣಿನ ಪಾಪೆಯ ಸುತ್ತಲಿನ ಪೊರೆ ಸ್ವಲ್ಪ ಹರಿಯಿತು. ಇನ್ನು ಮುಂದೆ ರಕ್ಷಣೆಯ ಕನ್ನಡಕ ಹಾಕಿಕೊಂಡೇ ಆಡುತ್ತೇನೆ ಎಂದರು. ಏಳು ಪಂದ್ಯ ಮುಗಿಯುತ್ತಲೇ ಅದನ್ನು ತೆಗೆದಿಟ್ಟರು. 2009ರ ಫೆಬ್ರವರಿಯಲ್ಲಿ ಪಂದ್ಯವೊಂದರಲ್ಲಿ ಅದೇ ಕಣ್ಣಿಗೆ ಮತ್ತೆ ಪೆಟ್ಟು ಬಿತ್ತು. ಈ ಬಾರಿ ಅಕ್ಷಿಪಟಲವೇ ಕಳಚಿತ್ತು. ತುರ್ತಾಗಿ ಶಸ್ತ್ರಚಿಕಿತ್ಸೆ ನಡೆಯಿತು, ಆ ವರ್ಷದ ಆಟ ಅಲ್ಲಿಗೆ ಮುಗಿಯಿತು. ಅದೃಷ್ಟವಶಾತ್ ದೃಷ್ಟಿ ಉಳಿಯಿತು. ಮುಂದಿನ ಋತುವಿನಲ್ಲಿ ಕನ್ನಡಕ ಧರಿಸಿ ಮತ್ತೆ 82 ಪಂದ್ಯಗಳನ್ನೂ ಆಡಿದರು.

ಅಕ್ಷಿಪಟಲ ಎಂದರೆ ಕಣ್ಣಿನ ಹಿಂಭಾಗದಲ್ಲಿ ಬೆಳಕನ್ನು ಗ್ರಹಿಸುವ ತೆಳುಪೊರೆ. ಅದು ಕಳಚಿಕೊಂಡರೆ ನೋವಾಗುವುದಿಲ್ಲ. ಆದ್ದರಿಂದಲೇ ಜನ ತಡ ಮಾಡುತ್ತಾರೆ. ಕಣ್ಣಿನಲ್ಲಿ ಇದ್ದಕ್ಕಿದ್ದಂತೆ ಮಿಂಚು ಹೊಳೆದಂತಾದರೆ, ಕಪ್ಪು ಚುಕ್ಕೆಗಳು ಹಿಂಡಾಗಿ ತೇಲಿದರೆ, ಒಂದು ಬದಿಯಿಂದ ಪರದೆ ಎಳೆದಂತೆ ಮಬ್ಬು ಕವಿದರೆ ‘ನಾಳೆ ನೋಡೋಣ’ ಎನ್ನಬೇಡಿ. ಅಂದೇ ನೇತ್ರತಜ್ಞರ ಬಳಿ ಹೋಗಿ. ಹೆಚ್ಚು ಮೈನಸ್ ಪವರಿನ ಕನ್ನಡಕ ಇರುವವರು, ಕಣ್ಣಿನ ಪೊರೆಯ ಶಸ್ತ್ರಚಿಕಿತ್ಸೆ ಆದವರು ಮತ್ತು ಕಣ್ಣಿಗೆ ಪೆಟ್ಟು ಬಿದ್ದವರು ಹೆಚ್ಚು ಎಚ್ಚರದಿಂದಿರಬೇಕು.

ಎರಡನೆಯ ದೇಶ, ಎರಡನೆಯ ಆಟ

2010ರಲ್ಲಿ ನ್ಯೂಯಾರ್ಕ್ ನಿಕ್ಸ್ ತಂಡ ಇವರನ್ನು ಐದು ವರ್ಷಕ್ಕೆ ಸುಮಾರು 10 ಕೋಟಿ ಡಾಲರ್ ಕೊಟ್ಟು ಸೇರಿಸಿಕೊಂಡಿತು. ಮಂಡಿಗಳ ಸ್ಥಿತಿಯಿಂದಾಗಿ ಆ ಒಪ್ಪಂದಕ್ಕೆ ವಿಮೆ ಸಿಗಲಿಲ್ಲ. ವಿಮೆಯವರ ಅನುಮಾನ ಸುಳ್ಳಾಗಲಿಲ್ಲ. 2012-13ರಲ್ಲಿ ಎರಡೂ ಮಂಡಿಗಳಿಗೆ ಮತ್ತೆ ಶಸ್ತ್ರಚಿಕಿತ್ಸೆಯಾಗಿ, ಆ ಋತುವಿನಲ್ಲಿ ಆಡಿದ್ದು 29 ಪಂದ್ಯ ಮಾತ್ರ. ವೈದ್ಯರ ಸಲಹೆಯಂತೆ ಪಂದ್ಯಕ್ಕೆ ಇಷ್ಟೇ ನಿಮಿಷ ಎಂಬ ಮಿತಿ ಬಂತು. 2014ರಲ್ಲಿ ಇವರು ಕೆಂಪು ದ್ರಾಕ್ಷಾರಸ ತುಂಬಿದ ತೊಟ್ಟಿಯಲ್ಲಿ ಮುಳುಗಿ ಕುಳಿತ ಚಿತ್ರ ಎಲ್ಲರ ಗಮನ ಸೆಳೆಯಿತು. ರಕ್ತಸಂಚಾರಕ್ಕೆ ಒಳ್ಳೆಯದೆಂದು ಅವರ ನಂಬಿಕೆ. ಅದರಿಂದ ಮಂಡಿಗೆ ಲಾಭವೆಂದು ವೈದ್ಯವಿಜ್ಞಾನ ಒಪ್ಪಿಲ್ಲ. ಬಿಸಿನೀರಿನ ಹಿತ ಸಿಕ್ಕಿರಬಹುದು, ಅದಕ್ಕೆ ನಮ್ಮ ಬಚ್ಚಲುಮನೆಯ ಹಂಡೆಯೇ ಸಾಕು!

2016ರ ಜುಲೈನಲ್ಲಿ ಎನ್‌ಬಿಎಗೆ ವಿದಾಯ ಹೇಳಿದರು. ಕೆಲವೇ ದಿನಗಳಲ್ಲಿ ಇಸ್ರೇಲಿನ ಹಪೋಯೆಲ್ ಜೆರುಸಲೇಂ ತಂಡಕ್ಕೆ ಸಹಿ ಹಾಕಿದರು. ತಮ್ಮ ಮೂಲದಲ್ಲಿ ಹೀಬ್ರೂ ನಂಟಿದೆ ಎಂದು ನಂಬಿದ್ದ ಅವರು 2010ರಲ್ಲೇ ಆ ದೇಶಕ್ಕೆ ಹೋಗಿ ಬಂದಿದ್ದರು. 2017ರಲ್ಲಿ ತಂಡ ಲೀಗ್ ಗೆದ್ದಿತು. 2019ರ ಮಾರ್ಚಿನಲ್ಲಿ ಅವರಿಗೆ ಇಸ್ರೇಲಿನ ಪೌರತ್ವ ದೊರೆಯಿತು, ಅಮೆರಿಕದ ಪೌರತ್ವವೂ ಉಳಿಯಿತು. ಅನೇಕ ದೇಶಗಳ ಲೀಗ್‌ಗಳಲ್ಲಿ ವಿದೇಶಿ ಆಟಗಾರರ ಸಂಖ್ಯೆಗೆ ಮಿತಿ ಇರುವುದರಿಂದ ಎರಡನೆಯ ಪೌರತ್ವ ಆಟಗಾರನ ವೃತ್ತಿಜೀವನವನ್ನು ಹಿಗ್ಗಿಸುತ್ತದೆ. ನಡುವೆ ಚೀನಾದ ಫುಜಿಯಾನ್ ತಂಡದಲ್ಲೂ ಆಡಿದರು. 2020ರಲ್ಲಿ ಮಕ್ಕಾಬಿ ಟೆಲ್ ಅವೀವ್ ಸೇರಿ ಆ ವರ್ಷದ ಲೀಗ್ ಗೆಲುವಿನಲ್ಲಿ ಪಾಲುಗೊಂಡರು.

ವಿಮೆ ಸಿಗದ ಮಂಡಿ ಅಷ್ಟು ವರ್ಷ ಹೇಗೆ ನಡೆಯಿತು? ಪವಾಡವೇನಿಲ್ಲ. ಎನ್‌ಬಿಎಯಲ್ಲಿ ಪಂದ್ಯ 48 ನಿಮಿಷದ್ದು. ಋತುವಿಗೆ 82 ಪಂದ್ಯ, ಕೆಲವೊಮ್ಮೆ ಸತತ ಎರಡು ರಾತ್ರಿ ಆಟ, ನಡುವೆ ವಿಮಾನ ಪ್ರಯಾಣ. ಇಸ್ರೇಲಿನಲ್ಲಿ ಪಂದ್ಯ 40 ನಿಮಿಷದ್ದು, ಪಂದ್ಯಗಳ ಸಂಖ್ಯೆಯೂ ಕಡಿಮೆ. ಮಂಡಿ ಹೊಸದಾಗಲಿಲ್ಲ, ಅದರ ಮೇಲಿನ ಹೊರೆ ಇಳಿಯಿತು. ಅವರು ಆಟ ಬಿಡಲಿಲ್ಲ, ಆಟದ ಅಳತೆಯನ್ನು ಬದಲಿಸಿಕೊಂಡರು.

ನಿಮಗೆ ಇದರಿಂದೇನು?

ಮಂಡಿನೋವು ಬಂದವರು ಸಾಮಾನ್ಯವಾಗಿ ಎರಡು ತಪ್ಪು ಮಾಡುತ್ತಾರೆ. ಕೆಲವರು ನೋವು ನುಂಗಿಕೊಂಡು ಮೊದಲಿನಂತೆಯೇ ದುಡಿಯುತ್ತಾರೆ. ಇನ್ನು ಕೆಲವರು ನಡೆದಾಡುವುದನ್ನೇ ಬಿಟ್ಟು ಕುರ್ಚಿ ಹಿಡಿಯುತ್ತಾರೆ. ಎರಡೂ ಮಂಡಿಗೆ ಕೇಡು. ಮೃದ್ವಸ್ಥಿಗೆ ಆಹಾರ ಸಿಗುವುದೇ ಚಲನೆಯಿಂದ ಎಂಬುದನ್ನು ಮರೆಯದಿರಿ.

ಮೊದಲು ತೂಕ ನೋಡಿಕೊಳ್ಳಿ. ಮೈತೂಕ ಹೆಚ್ಚಿದ್ದು ಮಂಡಿ ಸವೆದವರಲ್ಲಿ ಒಂದು ಕಿಲೋ ಇಳಿದರೆ, ಪ್ರತಿ ಹೆಜ್ಜೆಯಲ್ಲೂ ಮಂಡಿಯ ಮೇಲಿನ ಭಾರ ಸುಮಾರು ನಾಲ್ಕು ಕಿಲೋ ಕಡಿಮೆಯಾಗುತ್ತದೆ ಎಂದು ಅಧ್ಯಯನದಿಂದ ತಿಳಿದಿದೆ. ಐದು ಕಿಲೋ ಇಳಿಸಿದರೆ ಎಷ್ಟಾಯಿತೆಂದು ನೀವೇ ಲೆಕ್ಕ ಹಾಕಿ.

ಎರಡನೆಯದು, ತೊಡೆಯ ಮುಂಭಾಗದ ಸ್ನಾಯುವನ್ನು ಬಲಪಡಿಸಿ. ನಡೆಯುವಾಗ ಮಂಡಿಯ ಭಾರ ಹೊರುವುದರಲ್ಲಿ ಅದರ ಪಾಲು ದೊಡ್ಡದು. ಅಂಗಾತ ಮಲಗಿ ಒಂದು ಕಾಲನ್ನು ಮಡಿಸಿ, ಇನ್ನೊಂದನ್ನು ನೇರವಾಗಿಟ್ಟು ಒಂದಡಿ ಮೇಲೆತ್ತಿ. ಐದು ಎಣಿಸಿ ನಿಧಾನವಾಗಿ ಇಳಿಸಿ. ಹೀಗೆ ಹತ್ತು ಬಾರಿ ಮಾಡಿ ಕಾಲು ಬದಲಿಸಿ. ಬೆಳಿಗ್ಗೆ, ಸಂಜೆ ಎರಡು ಹೊತ್ತು ಸಾಕು. ನೋವು ಹೆಚ್ಚಾದರೆ ನಿಲ್ಲಿಸಿ ವೈದ್ಯರನ್ನು ಕೇಳಿ.

ಮೂರನೆಯದು, ಕೆಲಸವನ್ನು ಹಂಚಿ ಮಾಡಿ. ಕುಕ್ಕರುಗಾಲಿನಲ್ಲಿ ಕುಳಿತು ಗಂಟೆಗಟ್ಟಲೆ ಬಟ್ಟೆ ಒಗೆಯುವ, ಪಾತ್ರೆ ತೊಳೆಯುವ ಬದಲು ಮಣೆಯನ್ನೋ ಸಣ್ಣ ಸ್ಟೂಲನ್ನೋ ಬಳಸಿ. ಸಾಧ್ಯವಿದ್ದರೆ ಕಮೋಡ್ ಮಾಡಿಸಿಕೊಳ್ಳಿ. ಅರ್ಧ ಗಂಟೆಯ ನಡಿಗೆ ಕಷ್ಟವಾದರೆ ಹತ್ತು ನಿಮಿಷದಂತೆ ಮೂರು ಸಲ ನಡೆಯಿರಿ.

ನೋವಿಲ್ಲದೆ ಬರೀ ‘ಕಟಕ್’ ಸದ್ದಾದರೆ ಹೆದರಬೇಕಿಲ್ಲ. ಆದರೆ ಮಂಡಿ ಊದಿಕೊಂಡರೆ, ಮಡಚಿದ್ದು ಬಿಡಿಸಲಾಗದೆ ಸಿಕ್ಕಿಕೊಂಡರೆ, ಕಾಲೂರಲು ಆಗದಿದ್ದರೆ ವೈದ್ಯರನ್ನು ಕಾಣಿ. ಮಂಡಿ ಕೆಂಪಾಗಿ ಬಿಸಿಯಾಗಿ ಜ್ವರವೂ ಬಂದರೆ ಅಂದೇ ಹೋಗಿ. ಅಂಗಡಿಯಿಂದ ನೋವಿನ ಮಾತ್ರೆ ತಂದು ತಿಂಗಳುಗಟ್ಟಲೆ ನುಂಗಬೇಡಿ. ಮಂಡಿ ಉಳಿಸಲು ಹೋಗಿ ಹೊಟ್ಟೆ, ಮೂತ್ರಪಿಂಡ ಕೆಡಿಸಿಕೊಂಡವರು ಬಹಳ.

ಇಂದು ಸಂಜೆ ಚಾಪೆಯಿಂದ ಏಳುವಾಗ ಮಂಡಿ ಮತ್ತೆ ‘ಕಟಕ್’ ಎಂದರೆ ಬೇಸರಪಡಬೇಡಿ. ಸವೆದ ಮಂಡಿಯನ್ನು ಹೊಸದು ಮಾಡಲು ಆಗದಿರಬಹುದು. ಉಳಿದದ್ದನ್ನು ಅಳತೆಯಿಂದ ಬಳಸಿ ಬಹುಕಾಲ ಬಾಳಿಸುವುದು ನಿಮ್ಮ ಕೈಯಲ್ಲೇ ಇದೆ.